ಹಾಡು ಮುಗಿದ ಮೇಲಿನ ಖಾಲಿ ಜಾಗ

ನಮ್ಮ ರೆಕಾರ್ಡ್ ಕಂಪನಿಯ ಚರಿತ್ರೆ ಬರೆಯಿರಿ ಎಂದು ಯಾರೂ ಕೇಳಿಲ್ಲ. ಕೇಳುವವರೆಗೆ ಕಾದರೆ ಆಯುಷ್ಯ ಸಾಲದೆಂದು ನಾನೇ ಬರೆಯುತ್ತಿದ್ದೇನೆ. ಕಂಪನಿಯ ಹೆಸರು ‘ಹಿಂದಿನ ಕೋಣೆ’. ಹೆಸರಿಗಾಗಿ ತಲೆ ಕೆಡಿಸಿಕೊಳ್ಳಲಿಲ್ಲ. ಅಮ್ಮನ ಅಡುಗೆಮನೆಯ ಹಿಂದಿನ ಕೋಣೆಯಲ್ಲಿ ಶುರುವಾಯಿತು, ಇವತ್ತಿಗೂ ಅಲ್ಲೇ ಇದೆ. ಮಾಲೀಕ, ಗುಮಾಸ್ತ, ಪೆಟ್ಟಿಗೆ ಕಟ್ಟುವವನು ಎಲ್ಲ ನಾನೇ. ನಾವು ಹೊರತರುವುದು ಯಂತ್ರದ ಸಂಗೀತ. ಅದರಲ್ಲಿ ಹಾಡುವವರಿಲ್ಲ, ಬಾರಿಸುವವರಿಲ್ಲ, ಗುಂಡಿ ತಿರುಗಿಸುವವರು ಮಾತ್ರ. ನೆಂಟರು “ಏನ್ ಮಾಡ್ಕೊಂಡಿದೀಯಪ್ಪ?” ಎಂದು ಕೇಳಿದಾಗ ನಾನು ಇದನ್ನೆಲ್ಲ ವಿವರಿಸಲು ಹೋಗುತ್ತಿದ್ದೆ. ಅವರು ಕಾಫಿ ಅರ್ಧಕ್ಕೇ ಬಿಟ್ಟು ಏಳುತ್ತಿದ್ದರು.

ನನ್ನ ಪರ ನಿಂತವಳು ಅಮ್ಮ ಒಬ್ಬಳೇ. “ನಮ್ಮೋನು ತುಂಬ ಒಳ್ಳೆ ಸಂಗೀತ ಮಾಡ್ತಾನೆ” ಎಂದು ಬಂದವರಿಗೆಲ್ಲ ಹೇಳುತ್ತಿದ್ದಳು. ಅವಳಿಗೆ ಕಿವಿ ಕೇಳಿಸುತ್ತಿರಲಿಲ್ಲ ಎಂಬುದನ್ನು ಇಲ್ಲೇ ಹೇಳಿಬಿಡುವುದು ವಾಸಿ. ಪಕ್ಕದಲ್ಲಿ ನಿಂತು ಗಂಟಲು ಹರಿಯುವಂತೆ ಕಿರುಚಿದರೆ ಅಷ್ಟಿಷ್ಟು ಕೇಳಿಸುತ್ತಿತ್ತು.

ರೆಕಾರ್ಡ್ ತಟ್ಟೆಯಲ್ಲಿ ಸಂಗೀತ ಮುಗಿದ ಮೇಲೆ, ನಡುವಿನ ಕಾಗದದ ಬಿಲ್ಲೆಗೆ ಮುಂಚೆ, ಬೆರಳಗಲ ಖಾಲಿ ಜಾಗ ಇರುತ್ತದೆ. ಪ್ಲೇಯರಿನ ಮುಳ್ಳು ಅಲ್ಲಿಗೆ ಬಂದರೆ ಟಿಕ್, ಟಿಕ್ ಎನ್ನುತ್ತ ಸುತ್ತುತ್ತಲೇ ಇರುತ್ತದೆ. ಆ ಜಾಗದಲ್ಲಿ ಸೂಜಿಯಿಂದ ಒಂದು ಸಾಲು ಮಾತು ಗೀಚುವುದು ಈ ಕಸುಬಿನವರ ಹಳೆಯ ಚಟ. ನಮ್ಮ ತಟ್ಟೆಗಳಿಗೆ ಸಂಗೀತದ ಗೆರೆ ಕೊರೆದುಕೊಡುವ ಮನುಷ್ಯನನ್ನು ನಾನು ಕಟಿಂಗ್ ಮಾಸ್ಟರ್ ಎನ್ನುತ್ತೇನೆ. ಮೊದಲ ರೆಕಾರ್ಡಿನ ದಿನ ಅವನು ಫೋನ್ ಮಾಡಿ, “ಸಾಲು ಏನು ಬರೀಲಿ ಸರ್?” ಎಂದ. ಕಾಲ, ಶೂನ್ಯ ಇತ್ಯಾದಿ ಇದ್ದ ಘನವಾದ ವಾಕ್ಯವೊಂದು ನನ್ನ ಬಳಿ ತಯಾರಿತ್ತು. ಬಾಯಿ ತೆರೆಯುವಷ್ಟರಲ್ಲಿ ಒಲೆಯ ಕಡೆಯಿಂದ ವಾಸನೆ ಬಂತು. “ಅಮ್ಮಾ, ಹಾಲು ಉಕ್ಕಿ ಹೋಗ್ತಿದೆ!” ಎಂದು ಕಿರುಚಿ ಓಡಿದೆ. ವಾಪಸು ಬರುವಷ್ಟರಲ್ಲಿ ಅವನು ಫೋನ್ ಇಟ್ಟಿದ್ದ. ಮಾಸ್ಟರ್ ಕೇಳಿಸಿದ್ದನ್ನು ಕೇಳಿಸಿದ ಹಾಗೇ ಗೀಚುವ ಸಂಭಾವಿತ.

ತಟ್ಟೆಗಳು ಅಚ್ಚಾಗಿ ಬಂದಾಗ ನಾನು ತಲೆಯ ಮೇಲೆ ಕೈ ಹೊತ್ತು ಕೂತೆ. ಆದರೆ ಒಬ್ಬ ವಿಮರ್ಶಕ ಬರೆದ: ‘ಕಾವು, ಉಕ್ಕು, ಕೈಮೀರಿದ ಕ್ಷಣ! ಹಾಲಿನ ರೂಪಕದಲ್ಲಿ ಕಂಪನಿ ತನ್ನ ತತ್ವವನ್ನೇ ಸಾರಿದೆ.’ ಸಂಗೀತದ ಬಗ್ಗೆ ಅವನು ಒಂದಕ್ಷರ ಬರೆದಿರಲಿಲ್ಲ. ಮುಂದಿನ ರೆಕಾರ್ಡಿಗೆ ನನ್ನ ಶೂನ್ಯದ ವಾಕ್ಯವನ್ನು ಹಟ ಹಿಡಿದು ಹಾಕಿಸಿದೆ. ‘ಮೊದಲಿನ ಆಳ ಕಾಣುತ್ತಿಲ್ಲ’ ಎಂದ ಅದೇ ವಿಮರ್ಶಕ. ಮರ್ಯಾದೆಯಿಂದ ಅಡುಗೆಮನೆಗೆ ಮರಳಿದೆ. ‘ಕನ್ನಡಕ ನಿನ್ ತಲೆ ಮೇಲೇ ಇದೆ’, ‘ಬಾಗಿಲಿಗೆ ಯಾರೋ ಬಂದಿದಾರೆ’ ಹೀಗೆ ಒಂದೊಂದೇ ತಟ್ಟೆ ಹೊರಬಂತು. ಕನ್ನಡಕದ ಸಾಲನ್ನು ಒಬ್ಬ ಅಭಿಮಾನಿ ತೋಳಿನ ಮೇಲೆ ಹಚ್ಚೆ ಹಾಕಿಸಿಕೊಂಡ. ಮಾಸ್ಟರ್ ಫೋನ್ ಮಾಡುವ ದಿನ ನಾನು ಅಮ್ಮನ ಸುತ್ತಮುತ್ತಲೇ ಸುಳಿಯುತ್ತ, ಏನಾದರೊಂದು ಎಡವಟ್ಟಾಗಲಿ ಎಂದು ಕಾಯುತ್ತಿದ್ದೆ.

ಹೀಗಿರುವಾಗ ಅಕ್ಕ ಬಂದು ಅಮ್ಮನ ಕಿವಿಗೆ ಮಿಷನ್ ಹಾಕಿಸಿದಳು. ನಾನು ಎಷ್ಟು ಸಲ ಡಾಕ್ಟರ ಬಳಿಗೆ ಕರೆದರೂ ಜಗ್ಗದ ಅಮ್ಮ, ಅಕ್ಕ ಕರೆದ ಕೂಡಲೇ ಚಪ್ಪಲಿ ಮೆಟ್ಟಿ ಹೊರಟಿದ್ದಳು.

ಎಲ್ಲರಿಗೂ ಖುಷಿ. ನನಗೆ ಮಾತ್ರ ದಿಗಿಲು. ಇನ್ನು ಕಿರುಚುವಂತಿಲ್ಲ, ಸಾಲೂ ಸಿಗುವುದಿಲ್ಲ. ಅದು ಹಾಳಾಗಿ ಹೋಗಲಿ, ಅಮ್ಮ ನಮ್ಮ ಸಂಗೀತವನ್ನು ಕೇಳಿಬಿಡುತ್ತಾಳಲ್ಲ! ಅದನ್ನು ಹೊಗಳುತ್ತಿದ್ದದ್ದು ಅದೊಂದೇ ಬಾಯಿ. ಅದೂ ಮುಚ್ಚಿಕೊಂಡರೆ ಇಷ್ಟು ವರ್ಷ ಈ ಕೋಣೆಯಲ್ಲಿ ಕೂತು ನಾನು ಮಾಡಿದ್ದಾದರೂ ಏನು? ನಿಜಕ್ಕೂ ಹೆದರಿದ್ದೆ. ಬಾಗಿಲು ಮುಚ್ಚಿ, ಹೆಡ್‌ಫೋನ್ ಹಾಕಿಕೊಂಡು, ಕಳ್ಳನ ಹಾಗೆ ಕೆಲಸ ಮಾಡತೊಡಗಿದೆ.

ಒಂದು ಬೆಳಿಗ್ಗೆ ಅಮ್ಮ ಕುರ್ಚಿ ಎಳೆದುಕೊಂಡು ಬಂದು ಕೋಣೆಯಲ್ಲೇ ಕೂತಳು.

“ಏನೋ, ಅಂಗಡಿ ಮುಚ್ಚಿಬಿಟ್ಯಾ? ನಿನ್ನ ಸಂಗೀತ ಹಾಕು, ಕೇಳ್ತೀನಿ.”

“ಆಮೇಲೆ ಹಾಕ್ತೀನಮ್ಮ.”

“ಈಗ್ಲೇ ಹಾಕು.”

ಹಾಲಿನ ತಟ್ಟೆಯನ್ನೇ ಹಾಕಿದೆ. ಅಮ್ಮ ಕಣ್ಣು ಮುಚ್ಚಿಕೊಂಡಳು. ನಾನು ಗಂಭೀರ ಎಂದುಕೊಂಡಿದ್ದ ಸದ್ದು ಅವಳ ಎದುರಿಗೆ ನೀರು ಬಾರದ ನಲ್ಲಿಯ ಹಾಗೆ ಗೊರಗುಟ್ಟಿತು. ಅವಳ ಹುಬ್ಬು ಗಂಟಿಕ್ಕಿತು. ನಿಲ್ಲಿಸಿಬಿಡೋಣ ಎಂದು ಕೈ ಚಾಚುವಾಗ ಮಾಸ್ಟರ್ ಫೋನ್ ಬಂತು. ಹೊಸ ರೆಕಾರ್ಡಿನ ಎರಡೂ ಬದಿಗೆ ಅವನಿಗೆ ಸಾಲು ಬೇಕಿತ್ತು. “ಒಂದ್ನಿಮಿಷ ಇರಿ” ಎಂದು ಫೋನ್ ಹಿಡಿದುಕೊಂಡೇ ನಿಂತೆ. ಸಂಗೀತ ಮುಗಿಯಿತು. ಮುಳ್ಳು ಖಾಲಿ ಜಾಗಕ್ಕೆ ಬಂದು ಟಿಕ್, ಟಿಕ್ ಎನ್ನತೊಡಗಿತು.

ಅಮ್ಮನ ಹುಬ್ಬು ಸಡಿಲವಾಯಿತು. “ಇದು ಚೆನ್ನಾಗಿದೆ ಕಣೋ. ಈ ಕೊನೇದು.”

“ಅಮ್ಮಾ, ಅದು ಸಂಗೀತ ಅಲ್ಲ! ಸಂಗೀತ ಮುಗಿದೋಯ್ತು!” ಎಂದು ಸೂರು ಹಾರಿಹೋಗುವಂತೆ ಕಿರುಚಿದೆ. ಹಳೆಯ ಅಭ್ಯಾಸ. ಜೊತೆಗೆ ಅಳು ಬಂದಿತ್ತು.

ಅಮ್ಮ ಎರಡೂ ಕಿವಿಗೆ ಕೈ ಅಡ್ಡ ಹಿಡಿದಳು.

“ಕಿರುಚಬೇಡ್ವೋ, ನಂಗೆ ಕೇಳಿಸ್ತಾ ಇದೆ. ಇವತ್ತೇ ಮೊದಲನೇ ಸಲ ಕೇಳ್ತಿರೋದು, ಅಭ್ಯಾಸ ಆಗೋದು ಬೇಡ್ವಾ? ಇನ್ನೊಂದು ಬದಿ ಹಾಕು.”

ತಟ್ಟೆ ತಿರುವಿ ಹಾಕಿದೆ. ಮುಳ್ಳು ಸರಿಯಾಗಿ ಕೂರಲಿಲ್ಲ, ಮತ್ತೆ ಇಟ್ಟೆ. ಆಮೇಲೆ ಫೋನಿನ ನೆನಪಾಯಿತು. ಮಾಸ್ಟರ್ ಇನ್ನೂ ಅಲ್ಲೇ ಇದ್ದ.

“ಬರ್ಕೊಂಡೆ ಸರ್. ಒಂದು ಬದಿಗೆ ‘ಕಿರುಚಬೇಡ್ವೋ, ನಂಗೆ ಕೇಳಿಸ್ತಾ ಇದೆ’. ಎರಡನೇದಕ್ಕೆ ‘ಇನ್ನೊಂದು ಬದಿ ಹಾಕು’. ಸರೀನಾ?”

“ಸರಿ” ಎಂದೆ, ಮೆಲ್ಲಗೆ. ಅಮ್ಮ ಕೇಳುತ್ತಿದ್ದಳು.