ನಾಲ್ಕನೇ ನಂಬರಿನ ಬಿಳಿ ಚಡ್ಡಿ

ಕಿವಿಯೊಳಗೊಂದು ಹುಲ್ಲಿನ ಎಸಳು, ತೆಗೆಯೋಣವೆಂದರೆ ಕೈ ಎತ್ತುವಂತಿಲ್ಲ, ಎರಡೂ ಕೈ ತೊಡೆಗಳ ನಡುವೆ ಬಿಗಿಯಾಗಿವೆ, ಚೆಂಡು ಕೈಗೆ ತಾಗಿದರೆ ಪೆನಾಲ್ಟಿ, ಪೆನಾಲ್ಟಿ ಅಂದರೆ ಗೋಲು, ಗೋಲು ಅಂದರೆ ಒಂದಕ್ಕೊಂದು ಸಮ, ಸಮವಾದರೆ ಈ ಊರಿನ ತಂಡ ಮತ್ತೆ ಎರಡನೇ ದರ್ಜೆಯಲ್ಲೇ ಬಿದ್ದಿರಬೇಕು, ಇರಲಿ ಹುಲ್ಲು, ಕಿವಿಯೊಳಗೇ ಬೇರು ಬಿಡಲಿ — ಮೂವತ್ತೇಳು ವರ್ಷದ ಗಂಡಸು, ತಂಡದ ನಾಯಕ, ಪರಾಗ್ವೆಯಿಂದ ಬಂದು ಈ ಡೆನ್ಮಾರ್ಕಿನ ಕಡಲೂರಿಗಾಗಿ ಒಂಬತ್ತು ವರ್ಷ ಆಡಿದ ಎಲಿಹಿಯೊ ಸಮೂದಿಯೊ, ತನ್ನ ಕೊನೆಯ ಪಂದ್ಯದ ಕೊನೆಯ ನಿಮಿಷದಲ್ಲಿ ಕೆಸರಲ್ಲಿ ಅಡ್ಡ ಮಲಗಿದ್ದಾನೆ, ಎಮ್ಮೆ ಮಲಗಿದ ಹಾಗೆ, ಮೂರು ದಿನದಿಂದ ಬಿಡದ ಮಳೆ, ಮುಂದೆ ಐದು ಜನ ಹೆಗಲಿಗೆ ಹೆಗಲು ಕೊಟ್ಟು ನಿಂತ ಗೋಡೆ, ಅದರಾಚೆ ಫ್ರೀ ಕಿಕ್ಕಿಗೆ ಇಟ್ಟ ಚೆಂಡು, ಚೆಂಡಿನ ಹಿಂದೆ ಆ ಎಡಗಾಲಿನ ಎದುರಾಳಿ, ಈ ವರ್ಷ ಅವನು ಎರಡು ಗೋಲು ಹೊಡೆದದ್ದು ಹೀಗೇ, ಗೋಡೆಯವರು ಹಾರುತ್ತಾರೆ, ಅವನು ಚೆಂಡನ್ನು ನೆಲಕ್ಕಂಟಿಸಿ ಅವರ ಕಾಲಡಿಯಿಂದ ನುಗ್ಗಿಸುತ್ತಾನೆ, ಅದಕ್ಕೇ ಹಿಂದೆ ಒಬ್ಬ ಮಲಗಬೇಕು, ಯಾವಾಗಲೂ ಮಲಗುವವನು ಟ್ರೊಯೆಲ್ಸ್, ತಂಡದಲ್ಲೇ ಕಿರಿಯ, ಹತ್ತು ನಿಮಿಷದ ಕೆಳಗೆ ಮೀನಖಂಡ ಸೆಟೆದು ಹೊರಗೆ ಹೋದ, ಗೋಲು ಕಾಯುವ ಆಸ್ಗರ್ ಕಂಬ ಹಿಡಿದುಕೊಂಡು ಕಿರುಚಿದ, ಯಾರಾದ್ರೂ ಮಲಗ್ರೋ, ಎಲಿ, ನೀನೇ ಮಲಗು, ಎಲ್ರಿಗಿಂತ ಉದ್ದ ಇರೋನು ನೀನೇ. ನಾನು ಮಲಗಲ್ಲ ಅಂತ ನಿಂಗೆ ಗೊತ್ತಲ್ಲಪ್ಪಾ. ಗೊತ್ತು, ಇವತ್ತೊಂದಿನ ಮಲಗು, ಆಮೇಲೆ ಜೀವಮಾನ ಪೂರ್ತಿ ನಿಂತ್ಕೊಂಡೇ ಇರು. ಗೆರೆಯಾಚೆ ಕಾಲಿಗೆ ಐಸು ಕಟ್ಟಿಕೊಂಡು ಕೂತ ಟ್ರೊಯೆಲ್ಸ್, ತಾತಾ, ದಿಂಬು ಕೊಡ್ಲಾ, ಅಂದ, ಕತ್ತೆ. ನಗು ಬಂತು, ಮಲಗಿಬಿಟ್ಟ. ಇಪ್ಪತ್ತೈದು ವರ್ಷದಲ್ಲಿ ಮೊದಲ ಸಲ ಬೇಕಂತಲೇ ನೆಲಕ್ಕೆ ಬಿದ್ದದ್ದು, ಅದೂ ಅಮ್ಮ ನೋಡುತ್ತಿರುವಾಗ.

ಕೆಳಗಿನಿಂದ ಕಾಣುವುದು ಇಷ್ಟೇ, ಹತ್ತು ಹಿಮ್ಮಡಿ, ಅವುಗಳ ಮೇಲೆ ಐದು ಒದ್ದೆ ಬಿಳಿ ಅಂಗಿ, ತೋಳಿಗೆ ತೋಳು ತಾಗಿ ಸಾಲಾಗಿ — ಇದನ್ನು ಎಲ್ಲೋ ನೋಡಿದ್ದೇನೆ, ಎಲ್ಲೋ ಏನು, ಹುಟ್ಟೂರಾದ ಯಗ್ವಾರೊನ್‌ನ ಮನೆಯ ಹಿತ್ತಲಲ್ಲಿ, ಎರಡು ಮಾವಿನ ಮರಗಳ ನಡುವಿನ ತಂತಿಯ ಮೇಲೆ, ಹದಿನೆಂಟು ಅಂಗಿ, ಹದಿನೆಂಟು ಚಡ್ಡಿ, ಎಲ್ಲ ಊರ ತಂಡದ್ದು, ಭಾನುವಾರ ಆಟ, ಸೋಮವಾರ ಒಗೆತ, ಒಗೆಯುವವಳು ಅಮ್ಮ ದೆಯೊಲಿಂದಾ, ತಂತಿಯ ಕೆಳಗೆ ಅಂಗಾತ ಮಲಗಿದರೆ ಮುಖಕ್ಕೆ ತಣ್ಣಗೆ ತೊಟ್ಟಿಕ್ಕುತ್ತಿತ್ತು, ಆ ಕೆಮ್ಮಣ್ಣಿನ ಊರಿನ ತಂಡಕ್ಕೆ ಬಿಳಿ ಬಟ್ಟೆ ಆರಿಸಿದ ಮಹಾನುಭಾವ ಯಾರೋ, ಆ ಮಣ್ಣು ಒಂದು ಸಲ ಹತ್ತಿತೆಂದರೆ ನೂಲಿನೊಳಗೆ ಹೋಗಿ ಕೂರುತ್ತದೆ, ಅಮ್ಮ ಅವನಿಗೆ ಹಿಡಿಶಾಪ ಹಾಕುತ್ತಲೇ ಉಜ್ಜುತ್ತಿದ್ದಳು — ಪಂದ್ಯದ ದಿನ ಗೆರೆಯ ಪಕ್ಕದಲ್ಲೇ ನಿಂತಿರುವಳು, ಯಾರಾದರೂ ಜಾರಿ ಬಿದ್ದರೆ ಸಾಕು, ಎರಡು ಮುಷ್ಟಿ ಮುಂದೆ ಹಿಡಿದು ಬಟ್ಟೆ ಹಿಂಡುವ ಹಾಗೆ ತಿರುಚಿ ತೋರಿಸುವಳು, ಒಂದು ಮುಷ್ಟಿ ಈಚೆಗೆ, ಒಂದು ಆಚೆಗೆ, ಬೀಳಪ್ಪಾ ಬೀಳು, ಬಿದ್ದೋನೇ ಬಂದು ಒಗೀತಾನೆ, ಮೀಸೆ ಹೊತ್ತ ಗಂಡಸರೂ ಆ ಮುಷ್ಟಿಗೆ ಹೆದರುತ್ತಿದ್ದರು — ಹನ್ನೆರಡು ವರ್ಷವಿದ್ದಾಗ, ಆಳು ಕಡಿಮೆ ಬಿದ್ದು ಇಳಿಸಿದ ದಿನ, ಅವನು ಬೇಕಂತಲೇ ನೆಲದ ಮೇಲೆ ಜಾರಿ ಚೆಂಡು ತಡೆದು ಒಂದು ಗೋಲು ತಪ್ಪಿಸಿದ, ಊರವರು ಹೆಗಲ ಮೇಲೆ ಹೊತ್ತು ಕುಣಿದರು, ಹೆಗಲ ಮೇಲಿಂದ ನೋಡಿದರೆ ಅವೇ ಮುಷ್ಟಿಗಳು, ಮಾರನೇ ದಿನ ಬೆಳಗ್ಗೆ ತೊಟ್ಟಿಯ ಮುಂದೆ ಕೂರಿಸಿದಳು, ನಿಂದೊಂದೇ ಅಲ್ಲ, ಹದಿನೆಂಟೂ ಒಗಿ, ಆರನೆಯದು ಮುಗಿಯುವಷ್ಟರಲ್ಲಿ ಬೆರಳ ಗಿಣ್ಣು ಸುಲಿದು ಸಾಬೂನು ನೀರು ಇಳಿದು ಉರಿ, ಆಗ ಅಮ್ಮನ ಕೈ ನೋಡಿದ, ಹುಟ್ಟಿದಾಗಿನಿಂದ ಕಣ್ಣೆದುರೇ ಇದ್ದ ಕೈಯನ್ನು ಆವತ್ತು ಮೊದಲ ಸಲ ನೋಡಿದ, ಬಿರುಕು ಬಿರುಕಿನೊಳಗೂ ಕೆಂಪು, ಮಣ್ಣೋ ರಕ್ತವೋ ತಿಳಿಯಲಿಲ್ಲ, ಅಮ್ಮಾ, ನಿಂಗೆ ದಿನಾ ಹೀಗೇ ಉರಿಯುತ್ತಾ, ಉರಿಯದೆ ಇನ್ನೇನು, ಮಾತು ಸಾಕು, ಉಜ್ಜು. ಅಳು ಬಂತು, ತನಗಾಗಿ ಅಲ್ಲ. ಇನ್ನು ಬೀಳುವುದಿಲ್ಲ ಅಂತ ಆವತ್ತೇ ತೀರ್ಮಾನ ಮಾಡಿದ.

ಬೀಳದೆ ಚೆಂಡು ಕಸಿಯಬೇಕೆಂದರೆ ಎದುರಾಳಿಗಿಂತ ಮೊದಲೇ ಅಲ್ಲಿರಬೇಕು, ಅವನ ಕಾಲು ನೋಡಬಾರದು, ಸೊಂಟ ನೋಡಬೇಕು, ಕಾಲು ಸುಳ್ಳು ಹೇಳುತ್ತದೆ, ಸೊಂಟ ಹೇಳುವುದಿಲ್ಲ, ಇದನ್ನು ಯಾವ ಗುರುವೂ ಕಲಿಸಲಿಲ್ಲ, ಆ ತೊಟ್ಟಿ ಕಲಿಸಿತು — ಹತ್ತೊಂಬತ್ತಕ್ಕೆ ರಾಜಧಾನಿ ಅಸುನ್ಸಿಯೊನ್, ಇಪ್ಪತ್ತೆರಡಕ್ಕೆ ಪೋರ್ಚುಗಲ್, ಅಲ್ಲಿನ ತರಬೇತುದಾರ ಗಂಟಲು ಹರಿಯುವ ಹಾಗೆ ಕೂಗುತ್ತಿದ್ದ, ಜಾರೋ, ಚಡ್ಡಿ ಕೊಳೆಯಾಗುತ್ತೆ ಅಂತ ಹೆದರ್ತೀಯೇನೋ ರಾಜಕುಮಾರ, ಹೌದು ಸ್ವಾಮಿ, ಅದಕ್ಕೇ ಹೆದರೋದು, ಅಂತ ಹೇಳುವುದು ಹೇಗೆ, ಒಂದಿಡೀ ವರ್ಷ ಬೆಂಚಿನ ಮೇಲೆ ಕೂರಿಸಿದ, ವಾಪಸ್ ಬಂದುಬಿಡ್ತೀನಿ ಅಂತ ಫೋನು ಮಾಡಿದರೆ ಅಮ್ಮ, ಬಂದು ಏನ್ಮಾಡ್ತೀಯಾ, ಒಗೀತೀಯಾ, ತೆಪ್ಪಗೆ ಅಲ್ಲೇ ಇರು — ಬೆಲ್ಜಿಯಂನಲ್ಲಿ ನಾಲ್ಕು ವರ್ಷ, ಅಲ್ಲಿ ಅರ್ಥವಾಯಿತು ಜನಕ್ಕೆ, ನಿಂತೇ ಆಡುವ ಗತ್ತು ಅಂತ ಪತ್ರಿಕೆಯವರು ಬರೆದರು, ಗತ್ತಂತೆ, ಆಮೇಲೆ ಇಪ್ಪತ್ತೆಂಟಕ್ಕೆ ಇಲ್ಲಿ, ಇಲ್ಲಿ ಬಟ್ಟೆ ಒಗೆಯುವವಳು ಗ್ರೇಥೆ, ಅರವತ್ತು ದಾಟಿದವಳು, ಎರಡು ಯಂತ್ರಗಳ ನಡುವೆ ಕಾಫಿ ಹಿಡಿದು ಕೂತಿರುತ್ತಾಳೆ, ಒಂಬತ್ತು ವರ್ಷದಿಂದ ಅವಳದು ಒಂದೇ ರಾಗ, ನಾಲ್ಕನೇ ನಂಬರಿನ ಚಡ್ಡಿ ಒಗೆದಿದ್ದೋ ಒಗೆಯೋಕೆ ಹಾಕಿದ್ದೋ ನಂಗೆ ಗೊತ್ತಾಗಲ್ಲ ಮಾರಾಯಾ, ನೀನು ಆಡ್ತೀಯೋ ಇಲ್ಲಾ ನಿಂತು ಆಟ ನೋಡ್ತೀಯೋ — ವಿಮಾನ ಅಂದರೆ ಎದೆಯ ಮೇಲೆ ಶಿಲುಬೆ ಎಳೆದುಕೊಳ್ಳುತ್ತಿದ್ದ ಅಮ್ಮ ಮಗನ ಕೊನೆಯ ಪಂದ್ಯಕ್ಕೆಂದು ಮೊನ್ನೆ ಬಂದಿಳಿದಳು, ಎಪ್ಪತ್ತೊಂದು ವರ್ಷ, ಪೆಟ್ಟಿಗೆ ತುಂಬ ಚಿಪಾ ರೊಟ್ಟಿ, ಇವತ್ತು ಬೆಳಗ್ಗೆ ಗ್ರೇಥೆಯ ಕೋಣೆಗೆ ಕರೆದುಕೊಂಡು ಹೋದ, ಒಬ್ಬರ ಭಾಷೆ ಇನ್ನೊಬ್ಬರಿಗೆ ಒಂದಕ್ಷರ ಬಾರದು, ಅಮ್ಮ ಯಂತ್ರದ ಗಾಜಿನ ಬಾಗಿಲಿಗೆ ಎದುರಾಗಿ ಕುರ್ಚಿ ಎಳೆದುಕೊಂಡು ಕೂತು ಬಟ್ಟೆ ಸುತ್ತುವುದನ್ನು ಕೊನೆಯ ತನಕ ನೋಡಿದಳು, ಯಂತ್ರ ನಿಂತ ಮೇಲೆ ಒಂದು ಅಂಗಿ ತೆಗೆದು ಹಿಂಡಿದಳು, ಒಂದು ತೊಟ್ಟು ನೀರು ಬರಲಿಲ್ಲ, ಗ್ರೇಥೆಯ ಅಂಗೈ ಮಗುಚಿ ನೋಡಿ, ಎಷ್ಟು ಮೆತ್ತಗಿದೆ ನೋಡೋ ಪುಣ್ಯಾತ್ಗಿತ್ತಿ ಕೈ, ಅಂದಳು, ಪಕ್ಕದಲ್ಲಿ ತನ್ನದನ್ನಿಟ್ಟಳು, ಗ್ರೇಥೆಯ ನಗು ನಿಂತಿತು, ಅವನ ಮುಖ ನೋಡಿದಳು, ಮಡಿಸಿಟ್ಟ ಅವನ ಚಡ್ಡಿ ನೋಡಿದಳು, ಆ ಬಿರುಕು ಕೈಯನ್ನು ಎರಡೂ ಕೈಯಲ್ಲಿ ಹಿಡಿದುಕೊಂಡಳು — ಈಗ ಇಬ್ಬರೂ ಮೂರನೇ ಸಾಲಿನಲ್ಲಿ ಒಂದೇ ಕೊಡೆಯ ಕೆಳಗೆ, ಅಮ್ಮನ ಮೈಮೇಲೆ ಗ್ರೇಥೆಯ ಕೋಟು, ಅಲ್ಲಿಂದ ಕಾಣಿಸುತ್ತಾ, ಹನ್ನೊಂದು ಸಾವಿರ ಕಿಲೋಮೀಟರ್ ಹಾರಿ ಬಂದದ್ದು ಇವನು ಕೆಸರಲ್ಲಿ ಹೊರಳುವುದನ್ನು ನೋಡುವುದಕ್ಕಾ ಅಂದುಕೊಂಡಳಾ, ಅಮ್ಮಾ, ಇದೊಂದೇ ಸಲ, ಈ ಊರು ನನ್ನನ್ನು ಒಂಬತ್ತು ವರ್ಷ ಸಾಕಿದೆ.

ಸೀಟಿ. ಕಿವಿ ನೆಲಕ್ಕಿದೆ, ಓಡಿ ಬರುವವನ ಹೆಜ್ಜೆ ಮಣ್ಣಿನೊಳಗಿಂದ ಕೇಳುತ್ತದೆ, ಒಂದು, ಎರಡು, ಮೂರು — ಹತ್ತು ಹಿಮ್ಮಡಿಯೂ ಒಟ್ಟಿಗೇ ಮೇಲೆದ್ದವು, ತಂತಿಯ ಬಟ್ಟೆ ಗಾಳಿಗೆ ಎದ್ದ ಹಾಗೆ ಐದು ಬಿಳಿ ಅಂಗಿ ಎದ್ದವು, ಕೆಳಗೆ ಒಂದು ಗೇಣು ಬೆಳಕು, ಬೆಳಕಿನೊಳಗೆ ಚೆಂಡು, ಬಾರೋ, ಬಾ, ನೀನು ಇಲ್ಲಿಗೇ ಬರ್ತೀಯಾ ಅಂತ ಗೊತ್ತಿತ್ತು, ಇಪ್ಪತ್ತೈದು ವರ್ಷ ಎಲ್ಲರಿಗಿಂತ ಮೊದಲು ಬಂದು ನಿಂತು ಕಾದವನು ನಾನು, ಇವತ್ತು ಮಲಗಿ ಕಾದಿದ್ದೇನೆ — ಹೊಟ್ಟೆಗೆ ಬಿತ್ತು, ಕರುಳೆಲ್ಲ ಬೆನ್ನಿಗೆ ಹತ್ತಿತು, ಕೈ ಕದಲಲಿಲ್ಲ, ಚೆಂಡು ಹಿಮ್ಮಡಿಗಳ ನಡುವೆ ಹೊರಳಿತು, ಯಾರದೋ ಕಾಲು ಬಂದು ಅದನ್ನು ಆಕಾಶಕ್ಕೆ ಒದ್ದಿತು, ಮತ್ತೆ ಸೀಟಿ, ಉದ್ದ ಸೀಟಿ, ಮುಗಿಯಿತು, ಗೆದ್ದೆವು, ನೂರು ವರ್ಷದಲ್ಲಿ ಮೊದಲ ಸಲ ಈ ಊರು ಮೇಲಿನ ದರ್ಜೆಗೆ, ಆಸ್ಗರ್ ಬಂದು ಮೇಲೆ ಬಿದ್ದ, ಅವನ ಮೇಲೆ ಇನ್ನಾರು ಜನ, ಟ್ರೊಯೆಲ್ಸ್ ಕುಂಟುತ್ತಲೇ ಓಡಿ ಬಂದು, ಏಳು ತಾತಾ, ಬೆಳಗಾಯ್ತು, ಅಂತ ಅಳುತ್ತಿದ್ದಾನೆ, ಎತ್ತಿದರು, ಹೆಗಲ ಮೇಲೆ ಕೂರಿಸಿದರು, ನೋಡಿಕೊಂಡರೆ ಚಡ್ಡಿಯ ಮೇಲೆ ಬಿಳಿ ಅನ್ನುವುದು ಒಂದು ದಾರದಷ್ಟೂ ಉಳಿದಿಲ್ಲ, ಹೊಟ್ಟೆಯ ಮೇಲೆ ಚೆಂಡಿನ ಗುರುತು ದುಂಡಗೆ, ಅಮ್ಮ ಎಲ್ಲಿ, ಮೂರನೇ ಸಾಲು, ಕೊಡೆ ಎಲ್ಲೋ ಹೋಗಿದೆ, ಗ್ರೇಥೆ ಬಾಯಿಗೆ ಕೈ ಅಡ್ಡ ಹಿಡಿದು ನಗುತ್ತಿದ್ದಾಳೆ, ಅವಳ ಪಕ್ಕ ಕುರ್ಚಿಯ ಮೇಲೆ ಹತ್ತಿ ನಿಂತ ಮುದುಕಿ, ಮುಖವೆಲ್ಲ ಮಳೆಯೋ ಕಣ್ಣೀರೋ, ಕೋಟಿನ ಉದ್ದ ತೋಳನ್ನು ಮೇಲಕ್ಕೇರಿಸಿಕೊಳ್ಳುತ್ತಿದ್ದಾಳೆ, ಒಗೀತೀನಮ್ಮಾ, ಹದಿನೆಂಟೂ ನಾನೇ ಒಗೀತೀನಿ, ಕೈ ಹೊರಗೆ ಬಂತು, ಎರಡೂ ಕೈ, ಅವನಿಗೇ ತೋರಿಸುತ್ತಿದ್ದಾಳೆ, ಎರಡು ಮುಷ್ಟಿ, ಒಂದು ಈಚೆಗೆ, ಒಂದು ಆಚೆಗೆ, ಒಂದು ಈಚೆಗೆ, ಒಂದು ಆಚೆಗೆ