ಬೋರಣ್ಣ ಹೇಳಿದ್ದು, ನಾನು ಬರೆಸಿದ್ದು

ಚಳ್ಳಕೆರೆಯಲ್ಲಿ ನನ್ನದೊಂದು ಬಟ್ಟೆ ಅಂಗಡಿ. ಗಿರಾಕಿ ಇಲ್ಲದ ಹೊತ್ತಲ್ಲಿ ಕಥೆ ಬರೆಯುತ್ತೇನೆ. ಓದಿದ್ದು ಎಂಟನೇ ಕ್ಲಾಸು, ಉಳಿದದ್ದೆಲ್ಲ ಜನರ ಮಾತು ಕೇಳಿ ಕಲಿತದ್ದು. "ಮಹಾಂತೇಶಣ್ಣ ಕಥೆ ಬರೀತಾನಂತೆ" ಅಂತ ನಾಲ್ಕು ಜನ ಅಂದರೆ ಒಳಗೊಳಗೇ ಹಿಗ್ಗು.

ಈ ಸಲ ಮಾತ್ರ ಬರೆಯಲಿಲ್ಲ, ಬರೆಸಿದೆ.

ದೊಡ್ಡಉಳ್ಳಾರ್ತಿಯ ಆಚೆ ಒಂದು ಹಟ್ಟಿ. ಅಲ್ಲಿ ದೇವರ ಎತ್ತುಗಳನ್ನು ಕಾಯುವ ಕಿಲಾರಿ ಬೋರಣ್ಣ. ಆ ಎತ್ತುಗಳ ಹೆಗಲ ಮೇಲೆ ನೊಗ ಇಡುವಂತಿಲ್ಲ. ಇಟ್ಟವನು ಕಿಲಾರಿಯಾಗಿ ಉಳಿಯುವಂತಿಲ್ಲ. ಒಂದಿಡೀ ಮಧ್ಯಾಹ್ನ ಬೋರಣ್ಣ ತನ್ನ ಬದುಕನ್ನು ಹೇಳಿದ, ನಾನು ಮೊಬೈಲಿನಲ್ಲಿ ರೆಕಾರ್ಡ್ ಮಾಡಿಕೊಂಡೆ. ಪತ್ರಿಕೆಯೊಂದರ ವಿಶೇಷಾಂಕಕ್ಕೆ ಕಥೆ ಕಳಿಸುವ ಕೊನೆಯ ದಿನ ಬಂದೇಬಿಟ್ಟಿತ್ತು. ರೆಕಾರ್ಡನ್ನು ಎಐಗೆ ಹಾಕಿ, "ಕಣ್ಣೀರು ಬರುವಂಥ ಕಥೆ ಮಾಡಿಕೊಡು" ಅಂದೆ. ಅಂಗಡಿಗೆ ಚಹಾ ಬರುವಷ್ಟರಲ್ಲಿ ಕಥೆ ಬಂತು. ಭಾಷೆ ನನ್ನದಕ್ಕಿಂತ ನುಣುಪು. ಮೊದಲ ಪುಟ ಓದಿ, ನನ್ನ ಹೆಸರು ಹಾಕಿ ಕಳಿಸಿದೆ. ಕಥೆಯೊಳಗೆ ಬೋರಣ್ಣನ ಹೆಸರು ಹಾಗೇ ಇತ್ತು.

ಅಚ್ಚಾದ ಮೂರನೇ ದಿನ ಅವನ ಸೊಸೆ ಮಾಲತಿಯ ಫೋನು.

"ಅಣ್ಣಾ, ನಮ್ಮಾವ ದೇವರೆತ್ತಿಗೆ ನೊಗ ಕಟ್ಟಿ ಹೊಲ ಉತ್ತ, ಆಮೇಲೆ ಅತ್ತ ಅಂತ ಬರ್ದೀರಲ್ಲ. ಖುಷೀಲಿ ನಾನೇ ಹಟ್ಟಿಗೆಲ್ಲ ಓದಿ ಹೇಳ್ದೆ. ಈಗ ಹಿರೇರು ಕಿಲಾರಿಕೆ ಬಿಡು ಅಂತವ್ರೆ."

ಓಡಿದೆ. ಗುಡಿಯ ಕಟ್ಟೆಯ ಮೇಲೆ ಹಿರಿಯ ಯತ್ತಪ್ಪ ಪತ್ರಿಕೆ ಹಿಡಿದು ಕೂತಿದ್ದ. ಬೋರಣ್ಣ ನನ್ನ ಕಡೆ ತಿರುಗಲಿಲ್ಲ.

"ಬರ್ರಿ ಸಾವ್ಕಾರ್ರೆ. ನಾನ್ ಹಂಗ್ ಹೇಳೇ ಇಲ್ಲ ಅಂತಾನೆ ಇವ್ನು. ಅವ್ನು ಹೇಳ್ದೇನೇ ನೀವು ಬರೀತೀರಾ?"

"ನಾನು ಬರೆದಿಲ್ಲ," ಅಂದೆ.

"ನಿಮ್ ಹೆಸ್ರು ಐತಲ್ರಿ?"

"ಹೆಸರಷ್ಟೇ ನಂದು. ಬರೆದದ್ದು ಮಿಷನ್ನು."

"ಬೋರಣ್ಣನ ಮಾತನ್ನ ಮಿಷನ್ ಕೇಳ್ತು. ಎದುರಿಗೆ ಕೂತಿದ್ದ ನೀವು ಕೇಳ್ಲಿಲ್ವಾ?"

"ಅವ್ರು ಮನಸ್ಸಲ್ಲೇ ಬಟ್ಟೆ ಅಳೀತಿದ್ರೇನೋ," ಅಂತ ಹಿಂದಿನಿಂದ ಯಾರೋ ಅಂದರು. ನಗು ಎದ್ದಿತು. ಮಾಲತಿ ನಗಲಿಲ್ಲ.

ಮೊಬೈಲ್ ತೆಗೆದು ಅವತ್ತಿನ ರೆಕಾರ್ಡ್ ಹಚ್ಚಿದೆ. ನಾನೂ ಅದನ್ನು ಕೇಳುತ್ತಿದ್ದದ್ದು ಅದೇ ಮೊದಲು. ಬೋರಣ್ಣನ ದನಿ ಕಟ್ಟೆಯ ತುಂಬ ಹರಡಿತು.

"ನಮ್ ಜೋಡೀಲಿ ಒಂದೆತ್ತು ಸತ್ತೋತು. ದೇವರೆತ್ತು ಹನ್ನೆರಡು ಕಣ್ಣೆದುರಿಗೇ ಅವೆ. ಒಂದನ್ನೂ ಮುಟ್ಲಿಲ್ಲ. ನೊಗದ ಆ ಕಡೀಗೆ ನಾನೇ ಹೆಗಲು ಕೊಟ್ಟೆ. ನನ್ ಹೆಂಡ್ತಿ ನೇಗ್ಲು ಹಿಡುದ್ಲು. ಇಲ್ನೋಡ್ರಿ, ಹೆಗಲು ಇನ್ನೂ ಹೆಂಗೈತೆ."

"ಹೂಂ," ಅಂದಿತು ನನ್ನ ದನಿ.

"ನೋಡುದ್ರಾ?"

"ಹೂಂ, ಹೂಂ. ಮುಂದೆ ಹೇಳು."

ನೋಡಿದ ನೆನಪೇ ನನಗಿಲ್ಲ. ಅವತ್ತು ಅಂಗಡಿಯ ಮೆಸೇಜುಗಳಿಗೆ ಉತ್ತರ ಕೊಡುತ್ತಿದ್ದೆ. ಕಟ್ಟೆಯ ಮೇಲಿದ್ದವರೆಲ್ಲ ಈಗ ನನ್ನನ್ನೇ ನೋಡುತ್ತಿದ್ದರು.

"ಸಾಕು, ಆರ್ಸ್ರಿ," ಅಂದ ಯತ್ತಪ್ಪ. "ಬೋರಾ, ಹೊತ್ತಾತು, ಎತ್ತು ಬಿಟ್ಕೊಂಡು ಹೋಗಪ್ಪ."

ಬೋರಣ್ಣ ಎದ್ದು ಕಂಬಳಿ ಹೊದ್ದುಕೊಂಡ. ನಾನು ಹಿಂದೆಯೇ ಹೋದೆ.

"ತಪ್ಪಾಯ್ತು ಬೋರಣ್ಣ. ನಡೆದದ್ದನ್ನೇ ಬರೆದು ಪತ್ರಿಕೆಗೆ ಕಳಿಸ್ತೀನಿ."

"ನೀವೇ ಬರೀತೀರಾ?"

"ನಾನೇ."

"ಬರೀರಿ," ಅಂದು ದೊಡ್ಡಿಯ ಕಡೆ ನಡೆದ.

ಬರೆಯಬೇಕಾದರೆ ಆ ಹೆಗಲನ್ನು ನಾನು ನೋಡಿರಬೇಕಿತ್ತು. ಇನ್ನೊಂದು ಸಲ ತೋರಿಸು ಅನ್ನಲು ಬಾಯಿ ಬರಲಿಲ್ಲ.