ಚೂರಿನ ಕಿವಿಗೆ ಬಿದ್ದ ಗಾಳಿಗಿರಣಿ

ನಾನು ಒಂದು ತಟ್ಟೆ. ಅಲ್ಲ, ತಟ್ಟೆಯ ಚೂರು. ಇದರಲ್ಲೇ ನನಗೆ ಮೊದಲಿನಿಂದ ಗೊಂದಲ, ನೀವು ಸ್ವಲ್ಪ ಸಹಿಸಿಕೊಳ್ಳಬೇಕು.

ಲೆನಿನ್‌ಗ್ರಾಡಿನ ಹತ್ತಿರದ ಪಿಂಗಾಣಿ ಕಾರ್ಖಾನೆಯಲ್ಲಿ ಹುಟ್ಟಿದೆ. ಅಂಚಿಗೆ ನೀಲಿ ಗೆರೆ. ಇನ್ನೇನು, ಬಿಸಿ ಆಲೂಗಡ್ಡೆ ಬಡಿಸುತ್ತಾರೆ ಎಂದುಕೊಂಡಿದ್ದೆ. ಒಂದು ಸಿನಿಮಾ ಸ್ಟುಡಿಯೋದವರು ಕೊಂಡೊಯ್ದು ನನ್ನ ಹೊಟ್ಟೆಯ ಮೇಲೆ ತಮ್ಮೆಲ್ಲರ ಹೆಸರು ಬರೆದರು. ಚಿತ್ರೀಕರಣದ ಮೊದಲ ದಿನ ನಿರ್ದೇಶಕರು ನನ್ನನ್ನೆತ್ತಿ ಕ್ಯಾಮೆರಾದ ಮೂರುಕಾಲಿನ ಸ್ಟ್ಯಾಂಡಿಗೆ ಬಡಿದರು. ನಾನು ಚೂರುಚೂರಾದೆ, ಅವರು ಚಪ್ಪಾಳೆ ತಟ್ಟಿದರು! ನಿಮ್ಮ ಕಡೆ ಮುಹೂರ್ತಕ್ಕೆ ತೆಂಗಿನಕಾಯಿ ಒಡೆಯುತ್ತಾರಂತೆ, ಅದನ್ನಾದರೂ ತಿನ್ನಬಹುದು. ಇವರು ಶುಭವಾಗಲಿ ಎಂದು ತಲೆಗೊಂದು ಚೂರು ಹಂಚಿಕೊಂಡರು. ಅಷ್ಟೊಂದು ಚೂರುಗಳಲ್ಲಿ ನಾನು ಯಾವುದು ಎಂದು ನನಗೇ ತಿಳಿಯಲಿಲ್ಲ. ಕೊನೆಗೆ ನೋಡಿದರೆ ವೆನಿಯಾಮಿನ್ ಲ್ವೋವಿಚ್ ಅವರ ಕೋಟಿನ ಜೇಬಿನಲ್ಲಿದ್ದೆ.

ಅವರು ಆ ಚಿತ್ರದ ಕಲಾ ವಿನ್ಯಾಸಕರು. ಅದುವರೆಗೆ ಬೇರೆಯವರ ನಕ್ಷೆಗಳಿಗೆ ಗೆರೆ ಎಳೆದುಕೊಂಡಿದ್ದವರು, ಮೊದಲ ಸಲ ತಮ್ಮದೇ ಆದ ಒಂದು ಗಾಳಿಗಿರಣಿಯನ್ನು ಹಿಮದ ಬಯಲಿನಲ್ಲಿ ಕಟ್ಟಿಸುತ್ತಿದ್ದರು. ಅರ್ಧ ಎದ್ದಿರುವಾಗ ಚಿತ್ರದ ನಿರ್ಮಾಣ ವ್ಯವಸ್ಥಾಪಕರು ಕಾಯಿಲೆ ಬಿದ್ದರು. ಆ ಕೆಲಸವನ್ನೂ ನೀವೇ ನೋಡಿಕೊಳ್ಳಿ ಎಂದು ಸ್ಟುಡಿಯೋದಿಂದ ಅಪ್ಪಣೆ ಬಂತು.

ಆಮೇಲೆ ನಡೆದದ್ದು ನನಗೆ ಇವತ್ತಿಗೂ ಅರ್ಥವಾಗಿಲ್ಲ. ಬೆಳಿಗ್ಗೆ ಅವರು ಗಿರಣಿಗೆ ಇನ್ನೂ ಹತ್ತು ದಿನ ಬೇಕೆಂದು ವಿನ್ಯಾಸಕರಾಗಿ ಅರ್ಜಿ ಬರೆದರು. ಮಧ್ಯಾಹ್ನ ವ್ಯವಸ್ಥಾಪಕರಾಗಿ ಅದೇ ಅರ್ಜಿಯನ್ನು ಓದಿ, 'ಸಾಧ್ಯವಿಲ್ಲ' ಎಂದು ಸಹಿ ಹಾಕಿದರು. ವಾರದಲ್ಲಿ ಹಿಮ ಕರಗುವುದಿತ್ತು. ಅಷ್ಟರೊಳಗೆ ಅದೇ ಬಯಲಿನಲ್ಲಿ ಉಳಿದ ದೃಶ್ಯಗಳನ್ನೆಲ್ಲ ತೆಗೆಯಬೇಕಿತ್ತು, ಅರೆಬರೆ ಗಿರಣಿ ಕ್ಯಾಮೆರಾದ ಕಣ್ಣಿಗೆ ಬೀಳುವಂತಿರಲಿಲ್ಲ, ಬಿಚ್ಚಲೇಬೇಕಿತ್ತು.

ಬಡಗಿಗಳ ಮುಖ್ಯಸ್ಥೆ ತಮಾರಾ ಯೆಗೊರೊವ್ನಾ ಸುತ್ತಿಗೆ ಹಿಡಿದೇ ಬಂದರು. "ರೆಕ್ಕೆ ಕೂರಿಸುವುದಷ್ಟೇ ಬಾಕಿ, ವೆನಿಯಾಮಿನ್ ಲ್ವೋವಿಚ್. ಬಿಚ್ಚಿ ಅನ್ನುತ್ತಿರುವುದು ಯಾರು? ವಿನ್ಯಾಸಕರೋ, ವ್ಯವಸ್ಥಾಪಕರೋ?"

ಅವರು ಜೇಬಿಗೆ ಕೈ ಹಾಕಿ ನನ್ನನ್ನು ಎಷ್ಟು ಬಿಗಿಯಾಗಿ ಹಿಡಿದರೆಂದರೆ ಬೆರಳು ಕೊಯ್ದೇ ಹೋಯಿತು.

"ಬಿಚ್ಚಿಸಿಬಿಡಿ, ತಮಾರಾ ಯೆಗೊರೊವ್ನಾ."

ಚಿತ್ರ ಹೇಳಿದ ದಿನಕ್ಕೆ ಮುಗಿಯಿತು. ಸ್ಟುಡಿಯೋದವರು ಇಂಥವರೇ ಬೇಕು ಎಂದು ಅವರನ್ನು ಕಾಯಂ ವ್ಯವಸ್ಥಾಪಕರನ್ನಾಗಿ ಮಾಡಿದರು. ಮುಂದೆ ಇಪ್ಪತ್ತೆರಡು ಚಿತ್ರಗಳಿಗೆ ಕುದುರೆ, ರೈಲು, ಮುನ್ನೂರು ಜನಕ್ಕೆ ಬಿಸಿ ಚಹಾ ಎಲ್ಲವನ್ನೂ ಹೊಂದಿಸಿದರು. ಒಂದು ನಕ್ಷೆ ಬರೆಯಿರಿ ಎಂದು ಯಾರೂ ಕೇಳಲಿಲ್ಲ. ಅವರೂ ಬರೆಯುತ್ತೇನೆ ಅನ್ನಲಿಲ್ಲ. ನನಗೆ ಸಿಟ್ಟೂ ಬರುತ್ತಿತ್ತು, ಪಾಪ ಅಂತಲೂ ಅನ್ನಿಸುತ್ತಿತ್ತು.

ಈಗ ಅವರ ಮನೆಯ ಟಿವಿಯ ಮೇಲೆ ಬಿದ್ದುಕೊಂಡಿದ್ದೇನೆ. ಅವರಿಗೆ ಮರೆವು ಹೆಚ್ಚಾಗಿದೆ. ಕಳೆದ ಭಾನುವಾರ ಟಿವಿಯಲ್ಲಿ ಆ ಹಳೆಯ ಚಿತ್ರವೇ ಬಂತು. ಅವರನ್ನು ನೋಡಲು ಬಂದಿದ್ದ ತಮಾರಾ ಯೆಗೊರೊವ್ನಾ ಪಕ್ಕದಲ್ಲೇ ಕುಳಿತಿದ್ದರು. ನಾಯಕಿ ಹಿಮದ ಬಯಲನ್ನು ದಾಟುವ ದೃಶ್ಯ ಬಂದಾಗ ವೆನಿಯಾಮಿನ್ ಲ್ವೋವಿಚ್ ಥಟ್ಟನೆ ಎದ್ದು ನಿಂತರು.

"ನೋಡಿ, ನೋಡಿ! ನಮ್ಮ ಗಿರಣಿ! ರೆಕ್ಕೆ ತಿರುಗುತ್ತಿದೆ!"

ಅದರ ಒಂದೊಂದು ಮೊಳೆಯನ್ನೂ ತಾವೇ ಕಿತ್ತಿದ್ದ ತಮಾರಾ ಯೆಗೊರೊವ್ನಾ ಕಣ್ಣೊರೆಸಿಕೊಂಡರು. "ಹೌದು, ವೆನಿಯಾಮಿನ್ ಲ್ವೋವಿಚ್. ಸ್ವಲ್ಪವೂ ಕಿರುಗುಟ್ಟುತ್ತಿಲ್ಲ."

ಗಿರಣಿ ಬಿಚ್ಚಿದ ಸದ್ದನ್ನು ಜೇಬಿನೊಳಗಿಂದ ನಾನೇ ಕೇಳಿದ್ದೇನೆ. ಆದರೆ ಟಿವಿಯ ಮೇಲಿರುವ ನನಗೆ ಪರದೆ ಕಾಣುವುದಿಲ್ಲ, ಅವರಿಬ್ಬರ ಮುಖವಷ್ಟೇ ಕಾಣುತ್ತದೆ. ಆ ಮುಖಗಳನ್ನು ನೋಡಿದ ಮೇಲೆ, ಹೇಗೋ ಏನೋ, ರೆಕ್ಕೆ ಕೂರಿಸಿಯೇ ಇರಬೇಕು ಅನ್ನಿಸುತ್ತಿದೆ.